ಪಡುಗಾಳಿಗೆ ಅರಸನ ಅಪ್ಪಣೆ

“ನನ್ನ ಅಪ್ಪಣೆಯಿಲ್ಲದೆ ಈ ಸೀಮೆಯಲ್ಲಿ ಒಂದು ತರಗೆಲೆಯೂ ಅಲುಗಾಡುವುದಿಲ್ಲ!” ಎಂದು ಹೊನ್ನಳಿವೆಯ ಅರಸ ಕುಂದರಸ ಸಿಂಹಾಸನದ ಕೈ ಗುದ್ದಿದ.

ಅದೇ ಹೊತ್ತಿಗೆ ಆಷಾಢದ ಗಾಳಿ ನುಗ್ಗಿ ಅರಮನೆಯ ಬಾಗಿಲು ದಢಾರನೆ ಬಡಿದುಕೊಂಡಿತು. ಆಸ್ಥಾನದಲ್ಲಿ ಯಾರೂ ನಗಲಿಲ್ಲ. ನಕ್ಕವರ ಗತಿ ಏನಾಗುತ್ತದೆಂದು ಎಲ್ಲರಿಗೂ ಗೊತ್ತಿತ್ತು.

ಅರಸನ ಸಿಟ್ಟಿಗೆ ಕಾರಣವಿತ್ತು. ಪಕ್ಕದ ಸೀಮೆಯನ್ನು ಆಳುತ್ತಿದ್ದ ಅವನ ಭಾವಮೈದ ಅರಬರ ನಾಡಿನಿಂದ ಬಿಳಿ ಕುದುರೆಯೊಂದನ್ನು ತರಿಸಿದ್ದ. ತರಿಸಿದ್ದು ಸಾಲದೆ, ಅದರ ಮೇಲೆ ಕುಳಿತು ಹೊನ್ನಳಿವೆಗೇ ಬಂದು, ಹೊಟ್ಟೆ ತುಂಬ ಉಂಡು ಹೋಗಿದ್ದ. ಅಂದಿನಿಂದ ಕುಂದರಸನಿಗೆ ಅನ್ನ ಸೇರುತ್ತಿರಲಿಲ್ಲ. ತನಗೂ ಕುದುರೆ ಬೇಕು. ಒಂದಲ್ಲ, ಇಪ್ಪತ್ತು. ಅದೂ ಈಗಲೇ.

ಹಡಗು ನಡೆಸುವ ತಾಂಡೇಲ ಪುರ್ಸು ಖಾರ್ವಿಯನ್ನು ಕರೆಸಿದ.

“ನಾಳೆ ಬೆಳಿಗ್ಗೆ ಹಾಯಿ ಏರಿಸು.”

ಪುರ್ಸು ಕೈಮುಗಿದ. “ಒಡೆಯಾ, ಈಗ ಪಡುಗಾಳಿಯ ಕಾಲ. ನಾವು ಹೋಗಬೇಕಾದದ್ದು ಪಡುವಣಕ್ಕೆ, ಗಾಳಿ ಬರುವುದೂ ಅಲ್ಲಿಂದಲೇ. ಹಾಯಿ ಬಿಚ್ಚಿದರೆ ಹಡಗು ಹಿಂದಕ್ಕೆ ಬಂದು ಬಂಡೆಗೆ ಬಡಿಯುತ್ತದೆ. ಹೇಗೋ ತಪ್ಪಿಸಿಕೊಂಡು ಆಳದ ಕಡಲಿಗೆ ಹೋದೆವೋ, ನೀರಿನ ಸೆಳೆತ ತೆಂಕಲಿಗೆ ಎಳೆದೊಯ್ಯುತ್ತದೆ. ನನ್ನ ಅಪ್ಪ ಒಮ್ಮೆ ಹೀಗೇ ಹೊರಟಿದ್ದ.”

“ಅರಬರ ನಾಡು ಮುಟ್ಟಿದನೋ?”

“ಹನ್ನೊಂದು ದಿನ ದಿಕ್ಕು ಕಾಣದೆ ಒದ್ದಾಡಿ ಒಂದು ದಡ ಮುಟ್ಟಿದರಂತೆ. ಅಪ್ಪ ಇಳಿದವನೇ ದಡದಲ್ಲಿ ಮೀನು ಮಾರುತ್ತಿದ್ದ ಹೆಂಗಸಿಗೆ ಸಲಾಮು ಹೊಡೆದು, ತನಗೆ ಬರುತ್ತಿದ್ದ ನಾಲ್ಕು ಅರಬ್ಬಿ ಮಾತಿನಲ್ಲಿ ಇದು ಯಾವ ಊರೆಂದು ಕೇಳಿದ. ಅವಳು, ‘ಅಯ್ಯೋ ಅಳಿಯಂದಿರೇ, ನಿಮಗೇನಾಯಿತು?’ ಅಂದಳು. ನನ್ನ ಅಜ್ಜಿ, ಒಡೆಯಾ! ಹನ್ನೊಂದು ದಿನಕ್ಕೆ ನಾಲ್ಕೇ ಹರದಾರಿ ಹೋಗಿದ್ದರು.” ಪುರ್ಸುವಿನ ದನಿ ತಗ್ಗಿತು. “ಹತ್ತಿದವರು ಹದಿನೆಂಟು ಮಂದಿ. ಇಳಿದವರು ಏಳು.”

ಅರಸನ ಮುಖ ತುಸು ಸಡಿಲವಾಯಿತು. ಆದರೆ ಪಕ್ಕದಲ್ಲಿ ದಳವಾಯಿ ಮುದ್ದಪ್ಪನಿದ್ದ. ಅರಸ ಸೀನಿದರೂ “ಎಂಥ ರಾಗ!” ಎನ್ನುವ ಆಸಾಮಿ.

“ಪ್ರಭು, ಈ ಸಮುದ್ರ ಯಾರದು? ತಮ್ಮದು. ಅದರ ಮೇಲಿನ ಗಾಳಿ? ಅದೂ ತಮ್ಮದೇ ಪ್ರಜೆ. ಪ್ರಜೆಯಾದವನು ಅರಸನಿಗೆ ಎದುರು ಬೀಸುವುದುಂಟೆ? ಇವನಿಗೆ ಪುಕ್ಕಲು, ಅಷ್ಟೇ.”

ಕುಂದರಸ ಎದೆ ಉಬ್ಬಿಸಿದ. “ನಾಳೆ ಹೊರಡದಿದ್ದರೆ ನೀನೂ ನಿನ್ನ ನಲವತ್ತು ಮಂದಿಯೂ ಸೆರೆಮನೆಗೆ!”

ಪುರ್ಸುವಿನ ಕಣ್ಣು ತುಂಬಿತು. ಆ ನಲವತ್ತರಲ್ಲಿ ಇಬ್ಬರು ಅವನ ಒಡಹುಟ್ಟಿದವರು.

ಆಗ ಅರಸನಿಗೆ ವೀಳ್ಯ ಮಡಿಸಿ ಕೊಡುವ ಕೊಗ್ಗಣ್ಣ ಎದ್ದ. “ದಳವಾಯಿಗಳ ಮಾತು ದಿಟ, ಪ್ರಭು. ಗಾಳಿ ತಮ್ಮ ಪ್ರಜೆಯೇ. ಆದರೆ ಪಾಪ, ಅವನಿಗೆ ಅಪ್ಪಣೆ ಮುಟ್ಟಿಸಿದವರು ಯಾರು? ನಾಳೆ ತಾವೇ ಅಳಿವೆಯ ಬಂಡೆಯ ಮೇಲೆ ನಿಂತು, ‘ದಿಕ್ಕು ಬದಲಿಸು’ ಎಂದು ಓದಿಬಿಡಿ. ಆಮೇಲೆ ಹಡಗು ಹೊರಡಲಿ.”

“ಶಾಭಾಸ್!” ಎಂದ ಅರಸ. ಪುರ್ಸು ಕೊಗ್ಗಣ್ಣನನ್ನು ಸುಡುವಂತೆ ನೋಡಿದ.

ಮರುದಿನ ಊರಿಗೆ ಊರೇ ಸಮುದ್ರದ ದಡದಲ್ಲಿ ನೆರೆಯಿತು. ಅರಸ ಮುತ್ತಿನ ಅಂಗಿ ತೊಟ್ಟು, ಹೊಸ ಶಾಲು ಹೊದ್ದು ಬಂಡೆ ಏರಿದ. ಬೆನ್ನಿಗಂಟಿ ದಳವಾಯಿ. ಗಾಳಿಗೆ ಇಬ್ಬರ ಮೀಸೆಯೂ ಕಿವಿಯ ಕಡೆ ಓಡುತ್ತಿತ್ತು. ಕೊಗ್ಗಣ್ಣ ಅಂದು ದಿನದಂತೆ ಎರಡೆಲೆಯಲ್ಲ, ಆರೆಲೆ ಮಡಿಸಿ, ಅಡಕೆ ಸುಣ್ಣ ಧಾರಾಳ ಹಾಕಿ ಕೊಟ್ಟ. ಅರಸ ಜಗಿದ. ಅಪ್ಪಣೆಯ ಓಲೆ ಬಿಚ್ಚಿದ. ಬಾಯಿ ತೆರೆಯೋಣವೆಂದರೆ ಕೆನ್ನೆ ತುಂಬ ಕೆಂಪು ರಸ!

ಉಗುಳಬೇಕೆಂದು ಕೈಸನ್ನೆ ಮಾಡಿದ.

“ಧಾರಾಳವಾಗಿ ಉಗುಳಿ, ಪ್ರಭು,” ಎಂದ ಕೊಗ್ಗಣ್ಣ. “ಆದರೆ ಮೂಡಲಲ್ಲಿ ದೇವರ ಗುಡಿಯಿದೆ. ಬಡಗಲಲ್ಲಿ ರಾಣಿಯವರ ಪಲ್ಲಕ್ಕಿ. ತೆಂಕಲಲ್ಲಿ ಪುರೋಹಿತರು, ಈಗಷ್ಟೇ ಮಡಿಯುಟ್ಟು ಬಂದಿದ್ದಾರೆ. ಪಡುವಣದಲ್ಲಿ ಮಾತ್ರ ಯಾರೂ ಇಲ್ಲ.”

ಅರಸ ಪಡುವಣಕ್ಕೆ ತಿರುಗಿ, ಉಸಿರು ಎಳೆದು, ರಾಜಗಾಂಭೀರ್ಯದಿಂದ “ಥೂ!” ಎಂದ.

ಹೋದದ್ದು ಒಂದು ಗೇಣು. ಬಂದದ್ದು ಪೂರ್ತಿ. ಮೂಗು, ಗಡ್ಡ, ಮುತ್ತಿನ ಅಂಗಿ, ಶಾಲು ಎಲ್ಲ ಕೆಂಪು. ಬೆನ್ನ ಹಿಂದೆ “ಆಹಾ!” ಎನ್ನಲು ಬಾಯಿ ತೆರೆದಿದ್ದ ದಳವಾಯಿಗೂ ಅವನ ಪಾಲು ನೇರವಾಗಿ ಸಂದಿತು.

“ಯಾವನೋ ಅವನು, ನನ್ನ ಮುಖಕ್ಕೆ ಉಗುಳಿದವನು?” ಅರಸ ಅಬ್ಬರಿಸಿದ.

“ಉಗುಳಿದವರು ತಾವು, ಪ್ರಭು. ಹಿಂದಿರುಗಿಸಿದವನು ಪಡುಗಾಳಿ,” ಎಂದ ಕೊಗ್ಗಣ್ಣ. “ಖುದ್ದು ಅರಸರ ಬಾಯಿಂದ ಹೊರಟ ಒಂದು ಗುಟುಕು ರಸವನ್ನೇ ಅವನು ಗೇಣು ಮುಂದಕ್ಕೆ ಬಿಡಲಿಲ್ಲ. ನಲವತ್ತು ಮಂದಿ ಹೊತ್ತ ಹಡಗನ್ನು ಅರಬರ ನಾಡಿನವರೆಗೆ ಬಿಟ್ಟಾನೆಯೇ?”

ಅರಸ ಗಡ್ಡ ಒರೆಸಿಕೊಂಡು ಅಂಗೈ ನೋಡಿದ. ಸಮುದ್ರ ನೋಡಿದ. ಆಮೇಲೆ ಹಿಂದಿರುಗಿ, ಕೆಂಪು ಮುಖದಲ್ಲಿ ಕಣ್ಣು ಪಿಳಿಪಿಳಿ ಬಿಡುತ್ತಿದ್ದ ದಳವಾಯಿಯನ್ನು ನೋಡಿದ. ಅಷ್ಟೇ, ತಡೆಯಲಾಗಲಿಲ್ಲ. ಹೊಟ್ಟೆ ಹಿಡಿದುಕೊಂಡು ನಕ್ಕ. ಆಗ ಊರೂ ನಕ್ಕಿತು.

“ಪುರ್ಸು, ಹಡಗು ಕಟ್ಟಿಹಾಕು. ಯಾವಾಗ ಹೋಗಬಹುದು, ನೀನೇ ಹೇಳು.”

“ದೀಪಾವಳಿ ಕಳೆಯಲಿ, ಒಡೆಯಾ. ಮೂಡುಗಾಳಿ ಬೀಸತೊಡಗುತ್ತದೆ, ಅದೇ ಬೆನ್ನು ಹಿಡಿದು ತಳ್ಳುತ್ತದೆ. ಗಾಳಿ ಮತ್ತೆ ತಿರುಗಿದಾಗ, ಮಳೆಗೆ ಮುಂಚೆ, ನಿಮ್ಮ ಕುದುರೆ ಇಲ್ಲಿರುತ್ತದೆ.”

“ಹಾಗೇ ಆಗಲಿ.” ಅರಸ ಹೆಗಲಿನ ಶಾಲು ತೆಗೆದು ಕೊಗ್ಗಣ್ಣನ ಕಡೆ ಚಾಚಿದ. “ಹಿಡಿ, ನಿನ್ನ ಜಾಣತನಕ್ಕೆ ಬಹುಮಾನ.”

ಕೊಗ್ಗಣ್ಣ ಕೆಂಪು ಮೆತ್ತಿದ ಶಾಲನ್ನು ನೋಡಿ, ಎರಡು ಹೆಜ್ಜೆ ಹಿಂದೆ ಸರಿದು ಕೈಮುಗಿದ.

“ಪ್ರಭುಗಳ ಪ್ರಸಾದ ದಳವಾಯಿಗಳಿಗೇ ಇರಲಿ. ನನಗೆ ಒಗೆದದ್ದೊಂದು ಕೊಡಿಸಿದರೆ ಸಾಕು.”