ಹಗೇವಿನ ಬಾಯಿ, ಚಾವಡಿಯ ಬಾಗಿಲು

“ಗುರುಗಳೇ, ಕೊಲೆಯ ಆರೋಪ ಹೊತ್ತ ಒಬ್ಬನಿಗೆ ಇವತ್ತು ಜಾಮೀನು ಕೊಡಲಿಲ್ಲ. ಅಷ್ಟು ದೊಡ್ಡ ಆರೋಪ ಇದ್ದಮೇಲೆ ಒಳಗಿಡುವುದೇ ಸರಿಯಲ್ಲವೇ?” ಎಂದು ವಿರೂಪಣ್ಣ ಕೇಳಿದ.

ವಿರೂಪಣ್ಣ ಜಿಲ್ಲಾ ನ್ಯಾಯಾಧೀಶ. ಚಿಕ್ಕಂದಿನಲ್ಲಿ ಈ ಗುರುಗಳ ಮಠದಲ್ಲೇ ಉಂಡು ಓದಿದವನು. ಆರೋಪ ಗಂಭೀರವಾಗಿದೆ ಎಂದು ಒಂದೇ ಸಾಲು ಬರೆದು ಅರ್ಜಿಯನ್ನು ತಳ್ಳಿಹಾಕಿದ್ದ. ಹೊರಗೆ ಬರುವಾಗ ಆ ಮನುಷ್ಯನ ಅಕ್ಕ ಮೆಟ್ಟಿಲ ಮೇಲೆ ಕೂತು ಅಳುತ್ತಿದ್ದಳು. ಆ ಅಳು ಅವನ ಕಿವಿಯಿಂದ ಹೋಗಿರಲಿಲ್ಲ. ನೀನು ಮಾಡಿದ್ದು ಸರಿ ಎಂದು ಯಾರಾದರೂ ಅಂದುಬಿಟ್ಟರೆ ಅವನಿಗೆ ಸಾಕಾಗಿತ್ತು.

ಗುರುಗಳು ಸರಿ ಅನ್ನಲಿಲ್ಲ, ತಪ್ಪೂ ಅನ್ನಲಿಲ್ಲ. ಕತೆ ಹೇಳಿದರು.

ಒಂದು ಊರು. ಅಲ್ಲಿಯವರು ಜೋಳವನ್ನು ಹಗೇವಿನಲ್ಲಿ ತುಂಬಿಡುತ್ತಿದ್ದರು. ಹಗೇವು ಅಂದರೆ ನೆಲದೊಳಗಿನ ಕಣಜ. ಆಳವಾದ ಗುಂಡಿ, ಮೇಲೆ ಒಬ್ಬ ಇಳಿಯುವಷ್ಟು ಬಾಯಿ. ತಿಂಗಳುಗಟ್ಟಲೆ ಮುಚ್ಚಿಟ್ಟರೆ ಒಳಗಿನ ಗಾಳಿ ವಿಷವಾಗುತ್ತದೆ. ಅದಕ್ಕೇ ಮೊದಲು ಹಗ್ಗ ಕಟ್ಟಿ ಒಂದು ದೀಪ ಇಳಿಸುತ್ತಾರೆ. ದೀಪ ಆರಿದರೆ ಯಾರೂ ಇಳಿಯುವುದಿಲ್ಲ. ಆ ಊರಿನ ಗೌಡ ಈ ವಿಷಯದಲ್ಲಿ ಬಲು ಕಟ್ಟುನಿಟ್ಟು. ದೀಪ ಇಳಿಸದೆ ಆಳನ್ನು ಇಳಿಸಿದವರನ್ನು ನಡುಬೀದಿಯಲ್ಲಿ ನಿಲ್ಲಿಸಿ ಬೈಯುತ್ತಿದ್ದ.

ಒಂದು ದಿನ ಸಾಹುಕಾರನ ತಮ್ಮ ಹಗೇವಿನೊಳಗೆ ಸತ್ತ. ಮೇಲಿದ್ದವನು ಒಬ್ಬ ಕೂಲಿಯಾಳು. ಅವನ ಕೂಗು ಕೇಳಿ ಜನ ಓಡಿ ಬಂದಾಗ ಅವನು ಒಬ್ಬನೇ ಹಗ್ಗ ಎಳೆಯಲು ಹೆಣಗುತ್ತಿದ್ದ. ಎಲ್ಲರೂ ಕೈಹಾಕಿ ಹೆಣ ಮೇಲೆತ್ತಿದರು. ಹೆಣದ ಸೊಂಟಕ್ಕೆ ಬಿಗಿದಿದ್ದ ಹಗ್ಗದ ಗಂಟನ್ನು ಗೌಡನೇ ಬಿಚ್ಚಿದ. ಆಮೇಲೆ ಸಾಹುಕಾರ ಎದೆ ಬಡಿದುಕೊಳ್ಳುತ್ತಾ ಬಂದ. ಹಿಂದಿನ ದಿನ ತಮ್ಮನಿಗೂ ಈ ಆಳಿಗೂ ಬೀದಿಯಲ್ಲಿ ಜಗಳವಾಗಿತ್ತು, ಇವನೇ ತಳ್ಳಿ ಕೊಂದ ಎಂದ.

ಇಂಥ ಆರೋಪಕ್ಕೆ ತೀರ್ಪು ಕೊಡುವವರು ಸುತ್ತಲಿನ ಊರುಗಳ ಹಿರಿಯರು, ಅದೂ ಸುಗ್ಗಿ ಮುಗಿದ ಮೇಲೆ. ಅಲ್ಲಿಯವರೆಗೆ ಆಳನ್ನು ಚಾವಡಿಯ ಹಿಂದಿನ ಕೋಣೆಯಲ್ಲಿ ಇಡಬೇಕೋ, ಹೊಣೆ ತೆಗೆದುಕೊಂಡು ಮನೆಗೆ ಬಿಡಬೇಕೋ, ಅದು ಗೌಡನಿಗೆ ಬಿಟ್ಟದ್ದು.

ಆಳಿನ ಹೆಂಡತಿ ತುಂಬು ಬಸುರಿ. ಗೋಡೆ ಹಿಡಿದುಕೊಂಡು ಚಾವಡಿಗೆ ಬಂದಳು.

“ಗೌಡ್ರೇ, ನನ್ನನ್ನು ಹೀಗೆ ಬಿಟ್ಟು ಅವನು ಎಲ್ಲಿಗೆ ಓಡಿಹೋಗ್ತಾನೆ? ಸಾಹುಕಾರ್ರನ್ನ ಹೆದರಿಸೋ ತಾಕತ್ತು ನಮಗೆಲ್ಲಿದೆ? ದಿನಾ ಬೆಳಿಗ್ಗೆ ಬಂದು ನಿಮಗೆ ಮುಖ ತೋರಿಸ್ತಾನೆ. ಹಳ್ಳದ ಆಚೆಯಿಂದ ಸೂಲಗಿತ್ತೀನ ಕರ್ಕೊಂಡು ಬರೋಕೆ ನನಗೆ ಇನ್ಯಾರೂ ಇಲ್ಲ. ನಾನೇ ಹೊಣೆ. ಅವನು ತಪ್ಪಿಸ್ಕೊಂಡ್ರೆ ನನ್ನನ್ನೇ ಈ ಕೋಣೆಗೆ ಹಾಕಿ.”

“ಕೊಲೆ ಅಂದ್ರೆ ಹುಡುಗಾಟವೇನಮ್ಮ? ಬಿಟ್ಟರೆ ನಾಳೆ ಊರು ನನ್ನ ಮುಖಕ್ಕೆ ಉಗಿಯುತ್ತೆ. ನಡಿ, ನಡಿ.”

ಅವನು ಓಡಿಹೋಗುವವನೇ ಎಂದು ಗೌಡ ವಿಚಾರಿಸಲಿಲ್ಲ. ಸಾಕ್ಷಿ ಕೆಡಿಸುವವನೇ, ಇನ್ನೊಬ್ಬರಿಗೆ ಕೇಡು ಮಾಡುವವನೇ ಎಂದೂ ನೋಡಲಿಲ್ಲ. ತನ್ನ ಕೈಯಾರೆ ಬಿಚ್ಚಿದ ಗಂಟಾದರೂ ನೆನಪಾಯಿತೇ? ಅದೂ ಇಲ್ಲ. ಕೊಲೆ ಎಂಬ ಮಾತೊಂದು ಕಿವಿಗೆ ಬಿತ್ತು, ಅಗುಳಿ ಹಾಕಿದ. ಊರು ಭೇಷ್ ಅಂದಿತು. ಮಹಾರಾಯ ಹೊಟ್ಟೆ ತುಂಬ ಉಂಡು ಮಲಗಿದ.

ಸುಗ್ಗಿ ಮುಗಿಯುವ ಮೊದಲೇ ಅವಳಿಗೆ ನೋವು ಬಂತು. ಕೊಲೆಗಾರನ ಮನೆ ಎಂದು ನೆರೆಯವರು ಹೊಸ್ತಿಲು ತುಳಿಯಲಿಲ್ಲ. ತಾಯಿ ಮಗು ಇಬ್ಬರೂ ಉಳಿಯಲಿಲ್ಲ. ಮುಖ ನೋಡಿ ಬರುತ್ತೇನೆ ಎಂದು ಆಳು ಬಾಗಿಲು ಬಡಿದ. ಗೌಡ ಅದಕ್ಕೂ ಬಿಡಲಿಲ್ಲ.

ಸುಗ್ಗಿಯೂ ಮುಗಿಯಿತು. ಹಿರಿಯರಿಗೆ ಪುರುಸೊತ್ತಾಗಬೇಕಲ್ಲ! ಒಬ್ಬರ ಮನೆಯಲ್ಲಿ ಮದುವೆ, ಇನ್ನೊಬ್ಬರಿಗೆ ಮೊಣಕಾಲು ನೋವು. ಮಳೆಗಾಲ ಬಂದು ಹೋಯಿತು. ಕೊನೆಗೊಮ್ಮೆ ಕೂಡಿದರು. ತಳ್ಳಿಸಿಕೊಂಡು ಬಿದ್ದವನ ಸೊಂಟದಲ್ಲಿ ಹಗ್ಗ ಯಾಕಿತ್ತು ಎಂದು ಒಬ್ಬರು ಕೇಳಿದರು. ಆಗ ಒಬ್ಬ ಗಾಡಿಯವನು ಎದ್ದು ನಿಂತ. ಸಾವಾದ ದಿನ ಜೋಳ ಒಯ್ಯಲು ಬಂದಿದ್ದವನು ಅವನು. ಆಳು ದೀಪ ಹಚ್ಚಲು ಹೋದದ್ದನ್ನೂ, ಹೊತ್ತಾಯಿತು, ದೀಪ ಬೇಡ ಎಂದು ಸಾಹುಕಾರನ ತಮ್ಮ ತಾನೇ ಹಗ್ಗ ಬಿಗಿದುಕೊಂಡು ಇಳಿದದ್ದನ್ನೂ ಹೇಳಿದ. ಅಷ್ಟು ಕಂಡು ಎತ್ತುಗಳಿಗೆ ನೀರು ಕುಡಿಸಲು ಹೋಗಿದ್ದೆ ಎಂದ. ಇಷ್ಟು ದಿನ ಯಾಕೆ ಸುಮ್ಮನಿದ್ದೆ ಅಂದರೆ, ನನ್ನನ್ನು ಯಾರೂ ಕೇಳಲಿಲ್ಲ ಎಂದ. ಹಿರಿಯರ ಬಾಯಲ್ಲಿದ್ದ ಎಲೆಅಡಿಕೆ ಅಗಿದು ಮುಗಿಯುವುದರೊಳಗೆ ತೀರ್ಪಾಯಿತು. ಆಳು ನಿರಪರಾಧಿ, ಮನೆಗೆ ಹೋಗಬಹುದು.

ಯಾವ ಮನೆಗೆ? ಅವನು ಚಾವಡಿಯ ಕಟ್ಟೆಯ ಮೇಲೇ ಕೂತ. ಗೌಡ ಹೆಗಲ ವಸ್ತ್ರ ಕೊಡವಿಕೊಂಡು, ನಾನೇನು ಶಿಕ್ಷೆ ಕೊಟ್ಟೆನೇ, ಸುಮ್ಮನೆ ಇಟ್ಟುಕೊಂಡಿದ್ದೆ, ಅಷ್ಟೇ ಎಂದ.

“ಇಟ್ಟುಕೊಂಡಿದ್ದನಂತೆ! ಥೂ!” ಎಂದರು ಗುರುಗಳು. “ಮನೆಯಲ್ಲಿ ಒಲೆ ಹಚ್ಚುವವರಿಲ್ಲದ ಹಾಗೆ ಮಾಡಿ, ಶಿಕ್ಷೆ ಕೊಟ್ಟಿಲ್ಲವಂತೆ!”

ವಿರೂಪಣ್ಣ ಕೇಳಿದ. “ಅವನು ನಿಜವಾಗಿ ಕೊಂದಿದ್ದರೆ, ಗುರುಗಳೇ? ಹೊರಗೆ ಬಂದು ಇನ್ನೊಬ್ಬನನ್ನೂ ಕೊಂದಿದ್ದರೆ?”

“ಅಂಥವನನ್ನು ಒಳಗೇ ಇಡು, ಬೇಡ ಅಂದವರು ಯಾರು? ಆದರೆ ಇವತ್ತು ಆ ಮನುಷ್ಯನನ್ನು ಕತ್ತಲೆಗೆ ಇಳಿಸುವ ಮುಂಚೆ, ನೀನು ದೀಪ ಇಳಿಸಿ ನೋಡಿದೆಯಾ?”