ಯಾರಂವ ಗುಡ್ಡ

ಮಗ್ಗದಹಾಳದ ಪಡುವಣಕ್ಕೆ ಕೆಂಪು ಕಲ್ಲಿನ ಗುಡ್ಡವೊಂದಿದೆ. ಅದರ ನೆತ್ತಿಯ ಬಂಡೆ ಎರಡಾಗಿ ಸೀಳಿದೆ. ಸೀಳಿನ ಒಳಮೈಯಲ್ಲಿ ಮಗ್ಗಕ್ಕೆ ಹಾಸಿನ ಉದ್ದೆಳೆ ಹೂಡಿದ ಹಾಗೆ ಕಪ್ಪು ಗೆರೆಗಳು ಓಡಿವೆ. ಗಾಳಿ ಎದ್ದಾಗ ಅಲ್ಲಿಂದ ಗಂಡಸಿನ ದನಿಯೊಂದು ಬರುತ್ತದೆ: 'ಯಾರಂವ? ಯಾರಂವ?' ಗುಡ್ಡಕ್ಕೂ ಅದೇ ಹೆಸರು. ನೆರೆಯೂರಿನವರು ಗುಡ್ಡ ತಮ್ಮ ಸೀಮೆಯದೆಂದು ಹೇಳಿಕೊಂಡು ತಿರುಗುತ್ತಾರೆ. ನಮ್ಮದೇನು ಕಂಡರೂ ಅವರಿಗೆ ಹೊಟ್ಟೆಯುರಿ. ಕಲ್ಲು ಬೇಕಾದರೆ ಅರ್ಧ ಅವರೇ ಇಟ್ಟುಕೊಳ್ಳಲಿ, ಹೆಸರು ಮಾತ್ರ ನಮ್ಮ ನೇಕಾರ ಓಣಿಯಿಂದ ಹೋದದ್ದು.

ಹಿಂದೆ ಒಮ್ಮೆ, ದೇಸಾಯರ ವಾಡೆ ಇನ್ನೂ ಗಟ್ಟಿಯಾಗಿ ನಿಂತಿದ್ದ ಕಾಲದಲ್ಲಿ, ಈ ಓಣಿಯಲ್ಲಿ ಕಲ್ಲಿನಾಥನೆಂಬ ನೇಕಾರನಿದ್ದ. ಮಗ್ಗ ಕಟ್ಟುವುದರಲ್ಲೂ ನೇಯುವುದರಲ್ಲೂ ಅವನನ್ನು ಮೀರಿಸುವವರಿರಲಿಲ್ಲ. ಅವನ ಹೆಂಡತಿ ಹಾಲವ್ವ ಬೀಸುವ ಕಲ್ಲಿನ ಮುಂದೆ ಕುಳಿತು ಹಾಡತೊಡಗಿದರೆ ನೀರಿಗೆ ಹೊರಟವರು ಕೊಡ ಇಳಿಸಿ ನಿಲ್ಲುತ್ತಿದ್ದರು. ಎದುರು ಮನೆಗಳ ಮಗ್ಗದ ಸದ್ದು ಅಡಗುತ್ತಿತ್ತು. ಬೇರೆ ಗಂಡನಾದರೆ ಹಿಗ್ಗುತ್ತಿದ್ದ. ಕಲ್ಲಿನಾಥ ಉರಿದುಹೋದ. ತನ್ನ ಮನೆಯ ಹಾಡು ಕಂಡಕಂಡವರ ಕಿವಿಗೆ ಬೀಳುವುದನ್ನು ಅವನಿಂದ ಸಹಿಸಲಾಗಲಿಲ್ಲ. ಬಾಗಿಲು ಹಾಕಿದ, ಕಿಟಕಿಗೆ ಗೋಣಿ ಕಟ್ಟಿದ. ಹಾಡು ಹೊರಬಿದ್ದೇ ಬಿದ್ದಿತು. ಹಾಡಬೇಡವೆನ್ನಲೂ ಅವನಿಗೆ ಬಾಯಿ ಬರಲಿಲ್ಲ, ಏಕೆಂದರೆ ಆ ಹಾಡಿಲ್ಲದೆ ಅವನ ಗಂಟಲಲ್ಲಿ ರೊಟ್ಟಿ ಇಳಿಯುತ್ತಿರಲಿಲ್ಲ.

ಕೊನೆಗೆ ಅವನೊಂದು ರಾಟಿ ಮಾಡಿದನಂತೆ. ಅದರ ಚಕ್ರದ ಸುತ್ತ ಕಾಗೆಬಂಗಾರದ ತೆಳು ಹಾಳೆಗಳನ್ನು ಕೂಡಿಸಿ, ಕದಿರಿನ ಕೆಳಗೆ ಒಣಗಿದ ಸೋರೆಬುರುಡೆ ಕಟ್ಟಿದ. ಮಾಳಿಗೆಯ ಬೆಳಕಿಂಡಿಯಿಂದ ಇಳಿಯುವ ಚುಕ್ಕಿಗಳ ಬೆಳಕನ್ನು ಕಾಗೆಬಂಗಾರ ಹಿಡಿಯುತ್ತಿತ್ತು, ಮನೆಯೊಳಗಿನ ದನಿಯನ್ನು ಬುರುಡೆ ಹೀರುತ್ತಿತ್ತು. ಎರಡೂ ಹುರಿಗೊಂಡು ಕದಿರಿನ ತುದಿಯಲ್ಲಿ ನೂಲಾಗುತ್ತಿದ್ದವು. ಹತ್ತಿಯೇ ಬೇಡ. ರಾಟಿ ತಿರುಗಿಸುತ್ತ ಹಾಲವ್ವ ಬಾಯಿ ತುಂಬ ಹಾಡಿದರೂ ಹೊರಗೆ ಪಿಸುಮಾತಿನಷ್ಟೂ ಕೇಳುತ್ತಿರಲಿಲ್ಲ. ಓಣಿಯವರು ಪೆಚ್ಚಾದರು. ಪಕ್ಕದಲ್ಲೇ ಕುಳಿತ ತನಗೂ ಏನೂ ಕೇಳುವುದಿಲ್ಲವೆಂದು ಕಲ್ಲಿನಾಥನಿಗೆ ಹೊಳೆದದ್ದು ಆಮೇಲೆ. ಆದರೂ ಬೇರೆ ಯಾರಿಗೂ ಸಿಗಲಿಲ್ಲವಲ್ಲ ಎಂಬ ಸಮಾಧಾನ ದೊಡ್ಡದಿತ್ತು. ಆ ನೂಲಿನಿಂದ ಸೀರೆ ನೇಯ್ದು ಸಂತೆಗೆ ಕಳಿಸಿದ.

ಮಾರುವ ಸೀರೆಯನ್ನು ನೇಕಾರರ ಮನೆಯವರು ಮೈಮೇಲೆ ಹಾಕಿಕೊಂಡು ನೋಡಬಾರದೆಂಬ ಕಟ್ಟಳೆ ನಮ್ಮಲ್ಲಿದೆ. ಕಲ್ಲಿನಾಥ ಅದನ್ನು ಮೀರಿದವನಲ್ಲ. ಹಾಗಾಗಿ ತಾನು ನೇಯ್ದದ್ದು ಎಂಥ ಸೀರೆಯೆಂದು ಅವನಿಗೇ ತಿಳಿದಿರಲಿಲ್ಲ. ಒಂದು ದಿನ ದೇಸಾಯರ ಸೊಸೆ ಹೇಳಿಕಳಿಸಿದಳು: ಸೆರಗು ಹೆಗಲಿಗೆ ಬಿದ್ದೊಡನೆ ಹಾಡು ಕೇಳಿಸುತ್ತದೆ, ವಾಡೆಯ ಮಂದಿಯೆಲ್ಲ ಸುತ್ತ ಕುಳಿತು ಕೇಳುತ್ತೇವೆ, ಅಂಥದೇ ಇನ್ನೊಂದು ಬೇಕು. ಅವಳು ಹೊಗಳಿಯೇ ಹೇಳಿದ್ದು. ಕಲ್ಲಿನಾಥನ ಕಿವಿಗೆ ಮಾತ್ರ ಕಾದ ಎಣ್ಣೆ ಹೊಯ್ದಂತಾಯಿತು. ಓಣಿಯಿಂದ ಬಚ್ಚಿಟ್ಟ ಹಾಡು ಊರೂರಿನವರ ಹೆಗಲೇರಿತ್ತು. ಕೇಳದೆ ಉಳಿದವನು ತಾನೊಬ್ಬನೇ.

ಅಂದೇ ಅವನು ಹಾಲವ್ವನಿಗೆ ಅಪ್ಪಣೆ ಮಾಡಿದ. ಯಾರೂ ಕೇಳದ ಹಾಡೊಂದನ್ನು ತನಗಾಗಿ ಹಾಡಬೇಕು, ಆ ಸೀರೆ ಮಾರುವುದಿಲ್ಲ, ನೂಲು ಸಾಲುವವರೆಗೆ ರಾಟಿ ನಿಲ್ಲಬಾರದು. ಆಕೆ ಆಗಲೆಂದಳು. ಚುಕ್ಕಿ ಮೂಡಿದ ಮೇಲೆ ಆಕೆ ರಾಟಿಗೆ ಕುಳಿತರೆ ಅವನು ಹೊಸ್ತಿಲಲ್ಲಿ ಕಾವಲು ನಿಂತ. ಹಾದಿಯಲ್ಲಿ ನೆರಳಾಡಿದರೆ ಯಾರಂವ ಎಂದ, ನಾಯಿ ಬೊಗಳಿದರೆ ಯಾರಂವ ಎಂದ, ಯಾರೂ ಇಲ್ಲದಾಗಲೂ ಅಂದ. ನೂಲು ಕಪ್ಪಗೆ ಬಂತು. ಸೀರೆಯ ಮೈಗೆ ಸೆರಗಿನ ಎಳೆಗಳನ್ನು ಕೊಂಡಿ ಹಾಕಿ ಕೂಡಿಸಲು ಇಬ್ಬರು ಬೇಕು. ಆಕೆ ಎಳೆ ಎತ್ತಿ ಕೊಡುತ್ತ ಏನೋ ಹೇಳಹೋದಳು. ಇನ್ನು ಬಾಯಿ ತೆರೆದರೆ ಹಾಡು ಕೆಡುತ್ತದೆಂದು ಅವನು ಸುಮ್ಮನಿರಿಸಿದ.

ಸೀರೆ ಮುಗಿದೊಡನೆ, ಬೇರೆ ಕಿವಿಗಳಿಲ್ಲದ ಕಡೆ ಕೇಳಬೇಕೆಂದು ಅದನ್ನು ಬಗಲಲ್ಲಿಟ್ಟುಕೊಂಡು ಗುಡ್ಡ ಹತ್ತಿದ. ಬಂಡೆಯ ಮರೆಯಲ್ಲಿ ಸೆರಗನ್ನು ಹೆಗಲಿಗೆ ಹೊದ್ದ. ಕೇಳಿಸಿದ್ದು ಗಂಡಸಿನ ದನಿ. ತನ್ನ ಹೆಂಡತಿಯ ನೂಲಿನಲ್ಲಿ ಪರಗಂಡಸು! ಕಲ್ಲಿನಾಥ ಹುಚ್ಚನಂತೆ ಯಾರಂವ ಎಂದು ಕೂಗಿದ. ಸೀರೆಯೂ ಅದನ್ನೇ ಕೇಳಿತು. ಅವನು ಬಂಡೆ ಬಂಡೆ ಸುತ್ತಿ ಹುಡುಕಿದ. ಸದ್ದು ಕೇಳಿ ಓಣಿಯ ಹೆಂಗಸರೊಡನೆ ಹಾಲವ್ವ ಮೇಲೆ ಬಂದಾಗ, ಸೆರಗನ್ನು ಅವಳ ಮುಖಕ್ಕೆ ಹಿಡಿದು, "ಇಂವ ಯಾರಂವ, ಹೇಳು" ಎಂದ.

"ನಿಮ್ಮ ದನಿ ನಿಮಗ ಗುರ್ತು ಹತ್ತಲಿಲ್ಲೇನ್ರಿ?" ಎಂದಳು ಹಾಲವ್ವ. "ನೀವು ಸುಮ್ಮನಾದ ಮ್ಯಾಲೆ ಹಾಡಬೇಕಂತ ಕುಂತಿದ್ದೆ. ನಿಮ್ಮ ಬಾಯಿ ನಿಲ್ಲಲೇ ಇಲ್ಲ."

ಕಲ್ಲಿನಾಥ ಸೀರೆಯನ್ನು ಬಂಡೆಯ ಮೇಲೆ ಬಿಸಾಡಿದ. ಅದು ಬಿದ್ದಲ್ಲೇ ಬಂಡೆ ಸೀಳಿ ಅದನ್ನು ಒಳಗೆ ಎಳೆದುಕೊಂಡಿತು ಎನ್ನುತ್ತಾರೆ. ಮನೆಗೆ ಬಂದು ರಾಟಿಯನ್ನೂ ಒಡೆದ. ಹಾಲವ್ವ ಬಾಗಿಲು ತೆರೆದಿಟ್ಟು ಬೀಸುವ ಕಲ್ಲಿಗೆ ಕುಳಿತಳು. ಅವನೂ ಓಣಿಯವರ ನಡುವೆ ಕಟ್ಟೆಯ ಮೇಲೆ ಕುಳಿತು ಕೇಳಿದನಂತೆ. ಕುಳಿತರೂ ಕಣ್ಣು ಪಕ್ಕದವರ ಮೇಲೇ ಇತ್ತೆಂದು ನನ್ನ ಅಜ್ಜ ಹೇಳುತ್ತಿದ್ದರು.

ಇಂದಿಗೂ ಶ್ರಾವಣದಲ್ಲಿ ನಮ್ಮ ಹೆಂಗಸರು ಗುಡ್ಡದ ನೆತ್ತಿಗೆ ಹೋಗಿ ಸೀಳಿನ ಮುಂದೆ ಹಾಡುತ್ತಾರೆ. ಗಂಡಸರು ನಡುಗುಡ್ಡದ ಚಪ್ಪಟೆ ಕಲ್ಲು ದಾಟುವಂತಿಲ್ಲ. ಅಲ್ಲಿಯೇ ನಿಂತು, ಬಾಯಿ ಮುಚ್ಚಿಕೊಂಡು ಕೇಳಬೇಕು. ಕಳೆದ ವರ್ಷ ಮೇಲಿನಿಂದ ನನ್ನ ಮನೆಯಾಕೆಯ ದನಿ ತೇಲಿಬಂತು. ವಯಸ್ಸಾದರೂ ಅದು ಮಾಸಿಲ್ಲ. ನನ್ನ ಹಿಂದೆ ನಿಂತಿದ್ದ ನೆರೆಯೂರಿನವನೊಬ್ಬ ಆಹಾ ಎಂದು ತಲೆದೂಗಿದ. ಕಟ್ಟಳೆ ಕಟ್ಟಳೆಯೇ, ನಾನು ಬಾಯಿ ತೆರೆಯಲಿಲ್ಲ. ತಿರುಗಿ ನೋಡಿದೆ, ಅಷ್ಟೇ.