ಬೆಚ್ಚಗಿನ ಹಿಟ್ಟಿನ ಸಾಕ್ಷಿ

ನಮ್ಮ ಪೇಟೆಯಲ್ಲಿ ಹಿಟ್ಟಿನ ಗಿರಣಿ ನಡೆಸುವ ವಿಧವೆಯೊಬ್ಬಳಿದ್ದಳು. ಆಕೆ ಸಾಲದ ನಾಲ್ಕು ಕಂತು ತಪ್ಪಿಸಿದಳೆಂದು ಬ್ಯಾಂಕು ಗಿರಣಿಯನ್ನು ಹರಾಜಿಗಿಟ್ಟಿತು. ಆಕೆ ನ್ಯಾಯಾಲಯದಲ್ಲಿ ಆರು ತಿಂಗಳ ಗಡುವು ಬೇಡಿದಳು.

ಬ್ಯಾಂಕಿನ ಅಧಿಕಾರಿ ವಾಮನರಾವ ಹೊಂಬಳರು ಎದೆಯುಬ್ಬಿಸಿ ನಿಂತು, ಮೊದಲೇ ನ್ಯಾಯಾಲಯಕ್ಕೆ ಬರೆದುಕೊಟ್ಟಿದ್ದ ಮಾತನ್ನೇ ಹೇಳಿದರು. "ಮಹಾಸ್ವಾಮಿ, ಗಿರಣಿ ನಿಂತು ಮೂರು ತಿಂಗಳಾಯಿತು. ನಾನೇ ಕಣ್ಣಾರೆ ಕಂಡಿದ್ದೇನೆ. ಅಲ್ಲಿ ದುಡಿಯುವುದು ಜೇಡವೊಂದೇ. ಈಕೆ ಸಾಲ ತೀರಿಸುವುದು ಯಾವುದರಿಂದ?"

"ಏನಮ್ಮ, ಉತ್ತರವಿದೆಯೇ?" ಎಂದರು ನ್ಯಾಯಾಧೀಶರು.

ಆಕೆ ಚೀಲದಿಂದ ತಗಡಿನ ಡಬ್ಬಿಯೊಂದನ್ನು ತೆಗೆದು ಮೇಜಿನ ಮೇಲಿಟ್ಟಳು. ಗಿರಣಿಯಲ್ಲಿ ಅದಲುಬದಲಾಗದಂತೆ ಡಬ್ಬಿಗೆ ಮನೆಯವರ ಹೆಸರು ಬರೆಸುವುದು ವಾಡಿಕೆ. ಇದರ ಮೇಲೆ ಕೆಂಪು ಬಣ್ಣದಲ್ಲಿ 'ವಾಮನರಾವ ಹೊಂಬಳ' ಎಂದಿತ್ತು.

"ಸಾಹೇಬರ ಮನೆಯ ಗೋಧಿ, ಸ್ವಾಮಿ. ಇಂದು ಬೆಳಿಗ್ಗೆ ಅವರ ಹೆಂಡತಿಯವರೇ ನನ್ನ ಗಿರಣಿಗೆ ಬೀಸಲು ಕೊಟ್ಟರು. ಮುಟ್ಟಿ ನೋಡಿ."

ನ್ಯಾಯಾಧೀಶರು ಹಿಟ್ಟಿನಲ್ಲಿ ಬೆರಳಿಟ್ಟರು. ಅದು ಇನ್ನೂ ಬೆಚ್ಚಗಿತ್ತು. ಅವರು ಹರಾಜನ್ನು ತಡೆದು, ಕೇಳಿದಷ್ಟೂ ಗಡುವು ಕೊಟ್ಟರು.

ಹೊಂಬಳರು ತಲೆ ತಗ್ಗಿಸಿ ಡಬ್ಬಿಗೆ ಕೈಚಾಚಿದರು. ಆಕೆ ಮುಚ್ಚಳವನ್ನು ಒತ್ತಿ ಹಿಡಿದಳು.

"ಬೀಸಿದ ಕೂಲಿ ಕೊಟ್ಟು ಒಯ್ಯಿರಿ, ಸಾಹೇಬರೇ. ನಾನು ಕಂತು ಕಟ್ಟಬೇಕಲ್ಲ!"